ಹಸುವಿನ ನಡವಳಿಕೆ ನೋಡಿ ಕಾಯಿಲೆ ಗುರುತಿಸುವುದು ಹೇಗೆ? ಹೈನುಗಾರರಿಗೆ ಸಮಗ್ರ ಮಾರ್ಗದರ್ಶಿ

ಪಶುವೈದ್ಯರು ನಿಮ್ಮ ಕೊಟ್ಟಿಗೆಗೆ ಬಂದು ಹಸುವನ್ನು ನೋಡುವುದು ಹತ್ತೋ ಇಪ್ಪತ್ತೋ ನಿಮಿಷ. ಅಷ್ಟು ಹೊತ್ತೂ ಅದು ಹೊಸ ಮನುಷ್ಯನನ್ನು ಕಂಡ ಗಾಬರಿಗೆ ಕಿವಿ ನಿಮಿರಿಸಿ, ತಲೆಯೆತ್ತಿ, ತನಗೇನೂ ಆಗಿಲ್ಲವೆಂಬಂತೆ ನಿಂತಿರುತ್ತದೆ. ಹಸು, ಎಮ್ಮೆ, ಕುರಿ, ಮೇಕೆಗಳೆಲ್ಲ ಬೇಟೆಗೆ ಬಲಿಯಾಗುತ್ತಿದ್ದ ಪ್ರಾಣಿಗಳ ಸಂತತಿ. ಹಿಂಡಿನಲ್ಲಿ ಕುಂಟುವುದನ್ನೇ ಹುಲಿ, ಚಿರತೆ ಆರಿಸಿಕೊಳ್ಳುತ್ತವೆ. ಹಾಗಾಗಿ ನೋವನ್ನು ಆದಷ್ಟು ಮುಚ್ಚಿಡುವುದು ಇವುಗಳ ಹುಟ್ಟುಗುಣ. ಹಸು ಬಾಯಿಬಿಟ್ಟು ನರಳುವ ಹೊತ್ತಿಗೆ ಕಾಯಿಲೆ ಬಲಿತಿರುತ್ತದೆ.

ಇದೇ ಕಾರಣಕ್ಕೆ ಇವತ್ತಿನ ಪಶುವೈದ್ಯಕೀಯದಲ್ಲಿ ಪ್ರಾಣಿಯ ನಡವಳಿಕೆಗೆ ಥರ್ಮಾಮೀಟರಿನಷ್ಟೇ ಬೆಲೆ. ಡೆನ್ಮಾರ್ಕಿನ ಕೋಪನ್‌ಹೇಗನ್ ವಿಶ್ವವಿದ್ಯಾಲಯದ ಸಂಶೋಧಕರು 2015ರಲ್ಲಿ ಹಸುವಿನ ನೋವು ಅಳೆಯುವ ಒಂದು ಪಟ್ಟಿ ಪ್ರಕಟಿಸಿದರು. ಅದರಲ್ಲಿ ರಕ್ತಪರೀಕ್ಷೆ ಇಲ್ಲ, ಸ್ಕ್ಯಾನಿಂಗ್ ಇಲ್ಲ. ಕಿವಿ ಎತ್ತ ತಿರುಗಿದೆ, ತಲೆ ಬೆನ್ನಿಗಿಂತ ಕೆಳಗಿದೆಯೇ, ಮುಖ ಬಿಗಿದಿದೆಯೇ, ಬೆನ್ನು ಕಮಾನಾಗಿದೆಯೇ, ಸುತ್ತಲಿನದರ ಮೇಲೆ ಗಮನವಿದೆಯೇ, ಹತ್ತಿರ ಹೋದರೆ ಏನು ಮಾಡುತ್ತದೆ, ಇಷ್ಟೇ. ದೊಡ್ಡ ಫಾರಂಗಳಲ್ಲಿ ಹಸುವಿನ ಕೊರಳಿಗೆ ಕಟ್ಟುವ ಸೆನ್ಸರ್ ಪಟ್ಟಿಗಳು ಲೆಕ್ಕ ಹಾಕುವುದೂ ಮೆಲುಕು, ಓಡಾಟ, ಮಲಗಿದ ಹೊತ್ತುಗಳನ್ನೇ. ಎರಡು-ಮೂರು ಹಸು ಕಟ್ಟಿಕೊಂಡಿರುವ ಮನೆಯವರಿಗೆ ಆ ಸೆನ್ಸರ್ ಬೇಕಾಗಿಲ್ಲ. ದಿನವೂ ಹಾಲು ಕರೆಯುವವರ ಕಣ್ಣು ಅದಕ್ಕಿಂತ ಚುರುಕು. ಆದರೆ ಏನನ್ನು ನೋಡಬೇಕು, ನೋಡಿದ್ದನ್ನು ಡಾಕ್ಟರಿಗೆ ಹೇಗೆ ಹೇಳಬೇಕು ಎಂಬುದು ಗೊತ್ತಿರಬೇಕು.

ಹಂತ 1: ನಿಮ್ಮ ಹಸು ಚೆನ್ನಾಗಿದ್ದಾಗ ಹೇಗಿರುತ್ತದೆ ಎಂದು ಬರೆದಿಡಿ

ಕಾಯಿಲೆ ಹುಡುಕುವ ಮೊದಲು ಆರೋಗ್ಯ ಗೊತ್ತಿರಬೇಕು. ಸಾಮಾನ್ಯ ಲೆಕ್ಕಗಳು ಹೀಗಿವೆ. ದೊಡ್ಡ ಹಸುವಿನ ಮೈಬಿಸಿ ಗುದದ್ವಾರದಲ್ಲಿ ಅಳೆದರೆ 101ರಿಂದ 102.5 ಡಿಗ್ರಿ ಫ್ಯಾರನ್‌ಹೀಟ್. ನೆರಳಲ್ಲಿ ಸುಮ್ಮನೆ ನಿಂತಿದ್ದಾಗ ಉಸಿರಾಟ ನಿಮಿಷಕ್ಕೆ 15ರಿಂದ 35. ದಿನಕ್ಕೆ 7ರಿಂದ 9 ಗಂಟೆ ಮೆಲುಕು ಹಾಕುತ್ತದೆ, ಒಂದು ಉಂಡೆಯನ್ನು ಸುಮಾರು 50ರಿಂದ 70 ಸಲ ಅಗಿಯುತ್ತದೆ. ದಿನದಲ್ಲಿ 10ರಿಂದ 14 ಗಂಟೆ ಮಲಗಿರುತ್ತದೆ. ಎಡ ಪಕ್ಕೆಯ ಹಿಂದಿನ ಗುಳಿಯಲ್ಲಿ ಮುಷ್ಟಿ ಒತ್ತಿ ಹಿಡಿದರೆ ದೊಡ್ಡ ಹೊಟ್ಟೆ ಎದ್ದು ಇಳಿಯುವುದು ಕೈಗೆ ತಿಳಿಯುತ್ತದೆ. ಎರಡು ನಿಮಿಷಕ್ಕೆ ಎರಡರಿಂದ ನಾಲ್ಕು ಸಲ ಹಾಗಾಗಬೇಕು.

ಇವು ಪುಸ್ತಕದ ಲೆಕ್ಕ. ನಿಮಗೆ ಬೇಕಾದದ್ದು ನಿಮ್ಮ ಗೌರಿಯದೋ ಲಕ್ಷ್ಮಿಯದೋ ಲೆಕ್ಕ. ಹಿಂಡಿ ಬಕೆಟ್ಟಿನ ಸದ್ದಿಗೆ ಮೊದಲು ಏಳುವುದು ಯಾರು, ಬೂಸಾ ಹಾಕಿದರೆ ಎಷ್ಟು ಹೊತ್ತಲ್ಲಿ ಖಾಲಿ ಮಾಡುತ್ತದೆ, ಯಾವ ಪಕ್ಕಕ್ಕೆ ಮಲಗುತ್ತದೆ, ಸಗಣಿ ಎಷ್ಟು ಗಟ್ಟಿ, ಕರೆಯುವಾಗ ಯಾವ ಕಾಲು ಹಿಂದಿಡುತ್ತದೆ. ತಳಿಯಿಂದ ತಳಿಗೂ ವ್ಯತ್ಯಾಸವಿದೆ. ಹಳ್ಳಿಕಾರ್, ಅಮೃತಮಹಲ್ ಹಸುಗಳು ಸ್ವಭಾವತಃ ಚುರುಕು, ಅಪರಿಚಿತರನ್ನು ಹತ್ತಿರ ಸೇರಿಸುವುದಿಲ್ಲ. ಅಂಥ ಹಸು ಒಂದು ದಿನ ಯಾರು ಮುಟ್ಟಿದರೂ ಸುಮ್ಮನೆ ನಿಂತರೆ ಅದನ್ನು ಸಾಧುವಾಯಿತು ಎಂದುಕೊಳ್ಳಬೇಡಿ, ಜ್ವರ ನೋಡಿ. ಎಚ್‌ಎಫ್ (ಹಾಲ್‌ಸ್ಟೀನ್ ಫ್ರೀಸಿಯನ್) ಮಿಶ್ರತಳಿಯ ಮಂದ ಸ್ವಭಾವದ ಹಸು ಇದ್ದಕ್ಕಿದ್ದಂತೆ ಒದೆಯಲು ಶುರುಮಾಡಿದರೆ ಮೊದಲು ಕೆಚ್ಚಲು ನೋಡಿ.

ಒಂದು ಹಳೆಯ ನೋಟ್‌ಬುಕ್ ಸಾಕು. ಪ್ರತಿ ಹಸುವಿಗೆ ಒಂದು ಪುಟ: ಕರು ಹಾಕಿದ ದಿನ, ಎಷ್ಟನೇ ಸೂಲು, ಬೆದೆಗೆ ಬಂದ ದಿನ, ಲಸಿಕೆ, ದಿನದ ಹಾಲು. ಡೇರಿ ಪುಸ್ತಕದಲ್ಲಿ ಇರುವುದು ಮನೆಯ ಒಟ್ಟು ಹಾಲು. ಒಂದು ಹಸುವಿನ ಹಾಲು ಇಳಿದದ್ದು ಅದರಲ್ಲಿ ಕಾಣುವುದಿಲ್ಲ.

ಹಂತ 2: ಬೆಳಿಗ್ಗೆ ಮೇವು ಹಾಕುವ ಮೊದಲು ಐದು ನಿಮಿಷ ದೂರ ನಿಂತು ನೋಡಿ

ಹತ್ತು ಅಡಿ ದೂರ ನಿಲ್ಲಿ. ಬಕೆಟ್ ಹಿಡಿದು ಹೋಗಬೇಡಿ, ಕೂಗಬೇಡಿ. ಹಸು ನಿಮ್ಮನ್ನು ಕಂಡು ಎಚ್ಚೆತ್ತುಕೊಂಡ ಮೇಲೆ ನೋಡಿ ಪ್ರಯೋಜನ ಕಡಿಮೆ.

ಮೊದಲು ಎಣಿಸಿ: ಮಲಗಿರುವವುಗಳಲ್ಲಿ ಎಷ್ಟು ಮೆಲುಕು ಹಾಕುತ್ತಿವೆ? ಆರಾಮಾಗಿ ಮಲಗಿದ ಹಸುಗಳಲ್ಲಿ ಅರ್ಧಕ್ಕಿಂತ ಹೆಚ್ಚು ಹಾಕುತ್ತಿರಬೇಕು. ಮೆಲುಕು ನಿಂತಿತು ಎಂದರೆ ಎಲ್ಲೋ ಏನೋ ಕೆಟ್ಟಿದೆ. ಜ್ವರವಿರಬಹುದು, ನೋವಿರಬಹುದು, ಅಜೀರ್ಣವಿರಬಹುದು. ಕಾಯಿಲೆ ಯಾವುದೆಂದು ಮೆಲುಕು ಹೇಳುವುದಿಲ್ಲ, ಆದರೆ ಹಾಲು ಇಳಿಯುವ ಮೊದಲೇ ಸುಳಿವು ಕೊಡುತ್ತದೆ. ಬೇರೇನನ್ನೂ ನೋಡಲು ಪುರುಸೊತ್ತಿಲ್ಲದ ದಿನವೂ ಇದೊಂದನ್ನು ಬಿಡಬೇಡಿ ಎಂದು ನಾನು ಒತ್ತಿ ಹೇಳುತ್ತೇನೆ.

ಆಮೇಲೆ ಮುಖ. ಆರೋಗ್ಯವಾಗಿರುವ ಹಸುವಿನ ಕಿವಿ ಸದ್ದು ಬಂದತ್ತ ತಿರುಗುತ್ತಿರುತ್ತದೆ, ಮೂತಿ ಒದ್ದೆಯಾಗಿರುತ್ತದೆ. ನೋವಿರುವ ಹಸುವಿನ ಕಿವಿ ಹಿಂದಕ್ಕೆ ಅಂಟಿಕೊಂಡಿರುತ್ತದೆ ಇಲ್ಲವೇ ಜೋತುಬಿದ್ದಿರುತ್ತದೆ. ಕಣ್ಣಿನ ಮೇಲೆ, ಮೂಗಿನ ಹೊಳ್ಳೆಯ ಮೇಲೆ ಸುಕ್ಕು ಬಿಗಿದಿರುತ್ತದೆ. ನೊಣ ಕೂತರೂ ಬಾಲ ಬೀಸುವುದಿಲ್ಲ.

ಕೊನೆಗೆ ಎಬ್ಬಿಸಿ. ಆರೋಗ್ಯವಂತ ಹಸು ಎದ್ದ ಮೇಲೆ ಒಮ್ಮೆ ಮೈಮುರಿದು, ಸಗಣಿಯೋ ಗಂಜಲವೋ ಹಾಕಿ, ಗೋದಲಿಯತ್ತ ತಿರುಗುತ್ತದೆ. ಎದ್ದು ನಿಂತಾಗ ಬೆನ್ನು ಗೂನಾಗಿದೆಯೇ ನೋಡಿ, ಆಮೇಲೆ ನಾಲ್ಕು ಹೆಜ್ಜೆ ನಡೆಸಿ ನೋಡಿ. ನಿಂತಾಗ ನೇರ, ನಡೆಯುವಾಗ ಮಾತ್ರ ಗೂನು ಎಂದಾದರೆ ಗೊರಸಿನ ತೊಂದರೆಯ ಆರಂಭ. ಎರಡೂ ಹೊತ್ತು ಗೂನಿದ್ದರೆ ಕಾಲಿನ ನೋವು ಹೆಚ್ಚಾಗಿದೆ, ಇಲ್ಲವೇ ತೊಂದರೆ ಹೊಟ್ಟೆಯೊಳಗಿದೆ.

ಹಂತ 3: ನಡವಳಿಕೆಯಿಂದ ಕಾಯಿಲೆಯ ಜಾಡು ಹಿಡಿಯಿರಿ

ರೋಗ ನಿರ್ಣಯ ಮಾಡುವುದು ಡಾಕ್ಟರ ಕೆಲಸ. ಎಷ್ಟು ಬೇಗ ಕರೆಯಬೇಕು, ಅವರು ಬರುವ ತನಕ ಏನು ಮಾಡಬೇಕು, ಏನು ಮಾಡಬಾರದು ಎಂಬುದು ನಿಮ್ಮ ಕೈಯಲ್ಲಿದೆ.

ಹಾಲು ಜ್ವರ. ಹೆಸರಲ್ಲಿ ಜ್ವರವಿದ್ದರೂ ಇದರಲ್ಲಿ ಮೈ ತಣ್ಣಗಾಗುತ್ತದೆ. ಕರು ಹಾಕಿದ ಮೊದಲ ಎರಡು-ಮೂರು ದಿನಗಳಲ್ಲಿ, ಹೆಚ್ಚು ಹಾಲು ಕೊಡುವ, ಮೂರನೇ ಸೂಲಿನ ನಂತರದ ಹಸುಗಳಲ್ಲಿ ಹೆಚ್ಚು. ಗಿಣ್ಣು ಹಾಲಿಗೆ ಕ್ಯಾಲ್ಸಿಯಂ ಹರಿದು ರಕ್ತದಲ್ಲಿ ಅದು ಸಾಲದೆ ಸ್ನಾಯುಗಳು ಸೋಲುತ್ತವೆ. ಮೊದಲ ಹಂತ ಬಹಳ ಜನರ ಕಣ್ಣು ತಪ್ಪಿಸುತ್ತದೆ. ಹಸು ಬೆಚ್ಚುತ್ತದೆ, ಮೈ ನಡುಗುತ್ತದೆ, ಹಲ್ಲು ಕಡಿಯುತ್ತದೆ, ಹಿಂಗಾಲನ್ನು ಮೇಲಿಂದ ಮೇಲೆ ಎತ್ತಿಡುತ್ತದೆ. ‘ಕರು ಹಾಕಿದ ಗಾಬರಿ’ ಎಂದು ಬಿಟ್ಟರೆ ಕೆಲವೇ ಗಂಟೆಗಳಲ್ಲಿ ಕುಸಿದು ಕೂರುತ್ತದೆ. ಕುತ್ತಿಗೆಯನ್ನು ಪಕ್ಕೆಗೆ ಮಡಚಿಕೊಂಡು, ಕಿವಿ ತಣ್ಣಗಾಗಿ, ಮೂತಿ ಒಣಗಿ ಕೂತಿರುವ ಬಾಣಂತಿ ಹಸುವನ್ನು ಕಂಡರೆ ಆ ಕ್ಷಣವೇ ಫೋನ್ ಮಾಡಿ. ಬಾಯಿಗೆ ಏನನ್ನೂ ಹೊಯ್ಯಬೇಡಿ, ಕಷಾಯ, ಎಣ್ಣೆ, ಬೆಲ್ಲದ ನೀರು ಯಾವುದನ್ನೂ. ನುಂಗುವ ಶಕ್ತಿ ಕುಂದಿರುವುದರಿಂದ ಅದು ಶ್ವಾಸಕೋಶಕ್ಕೆ ಇಳಿಯುತ್ತದೆ. ಅಡ್ಡ ಬಿದ್ದಿದ್ದರೆ ಹುಲ್ಲು ತುಂಬಿದ ಚೀಲಗಳನ್ನು ಪಕ್ಕಕ್ಕೆ ಒತ್ತುಕೊಟ್ಟು ಎದೆಯ ಮೇಲೆ ಕೂರಿಸಿ. ಇಲ್ಲವಾದರೆ ಹೊಟ್ಟೆಯುಬ್ಬರಿಸಿ ಉಸಿರು ಕಟ್ಟುತ್ತದೆ. ಸಿಮೆಂಟು ನೆಲದಲ್ಲಿದ್ದರೆ ಕೆಳಗೆ ದಪ್ಪಗೆ ಹುಲ್ಲು ಹಾಸಿ, ಎರಡು-ಮೂರು ಗಂಟೆಗೊಮ್ಮೆ ಮಗ್ಗುಲು ಬದಲಿಸಿ. ಕ್ಯಾಲ್ಸಿಯಂ ಬಾಟಲಿಯನ್ನು ರಕ್ತನಾಳಕ್ಕೆ ಏರಿಸುವುದು ಡಾಕ್ಟರೇ ಆಗಬೇಕು, ವೇಗ ಹೆಚ್ಚಾದರೆ ಹೃದಯ ನಿಲ್ಲುತ್ತದೆ. ಸರಿಯಾದ ಹೊತ್ತಿಗೆ ಏರಿಸಿದರೆ ಸತ್ತಂತೆ ಬಿದ್ದಿದ್ದ ಹಸು ತೇಗಿ, ಸಗಣಿ ಹಾಕಿ, ಎದ್ದು ನಿಲ್ಲುವುದನ್ನು ಅಲ್ಲೇ ನಿಂತು ನೋಡಬಹುದು.

ತಂತಿ ನುಂಗಿದ ಹಸು. ನಮ್ಮ ಊರುಗಳಲ್ಲಿ ಇದು ಕಡಿಮೆಯೇನಲ್ಲ. ಹಸು ಮೇವನ್ನು ಆರಿಸಿ ತಿನ್ನುವ ಪ್ರಾಣಿಯಲ್ಲ, ನಾಲಗೆಯಲ್ಲಿ ಸುತ್ತಿ ಎಳೆದು ನುಂಗುತ್ತದೆ. ಮನೆ ಕಟ್ಟಿದಾಗ ಬಿದ್ದ ಬೈಂಡಿಂಗ್ ತಂತಿ, ಮೊಳೆ, ಸೂಜಿ ಎಲ್ಲ ಹುಲ್ಲಿನ ಜೊತೆ ಒಳಗೆ ಹೋಗಿ ಎರಡನೇ ಹೊಟ್ಟೆಯಲ್ಲಿ ನಿಲ್ಲುತ್ತವೆ. ಅದರ ಮುಂದೆಯೇ ವಪೆ, ವಪೆಯ ಆಚೆ ಹೃದಯ. ತಂತಿ ಚುಚ್ಚಲು ಶುರುವಾದ ದಿನ ಹಾಲು ಒಮ್ಮೆಲೇ ಇಳಿಯುತ್ತದೆ. ಹಸು ಮುಂಗಾಲಿನ ಮೊಣಕೈಗಳನ್ನು ಹೊರಕ್ಕೆ ಅಗಲಿಸಿ, ಬೆನ್ನು ಕಮಾನಾಗಿಸಿ ನಿಲ್ಲುತ್ತದೆ, ಮಲಗಲು ಹಿಂಜರಿಯುತ್ತದೆ. ದಿಬ್ಬ ಹತ್ತುತ್ತದೆ, ಇಳಿಯಲು ಒಲ್ಲೆನ್ನುತ್ತದೆ, ಏಕೆಂದರೆ ಇಳಿಜಾರಿನಲ್ಲಿ ಹೊಟ್ಟೆಯ ಭಾರವೆಲ್ಲ ಮುಂದಕ್ಕೆ ಒತ್ತುತ್ತದೆ. ಹೆಗಲ ಮೇಲಿನ ಚರ್ಮವನ್ನು ಎರಡೂ ಕೈಯಲ್ಲಿ ಹಿಡಿದು ಬಿಗಿಯಾಗಿ ಚಿವುಟಿ ನೋಡಿ. ಆರೋಗ್ಯವಂತ ಹಸು ಬೆನ್ನನ್ನು ತಗ್ಗಿಸುತ್ತದೆ. ಒಳಗೆ ತಂತಿಯಿರುವ ಹಸು ಬೆನ್ನು ತಗ್ಗಿಸದೆ ಬಿಗಿದು ನಿಂತು, ಗಂಟಲಲ್ಲಿ ‘ಹ್ಞೂಂ’ ಎಂದು ಸಣ್ಣಗೆ ಮುಲುಕುತ್ತದೆ. ಆ ಮುಲುಕು ಕೇಳಿದರೆ ಅಜೀರ್ಣದ ಪುಡಿ ಕೊಡುತ್ತಾ ವಾರ ಕಳೆಯಬೇಡಿ. ಬೇಗ ತೋರಿಸಿದರೆ ಅಯಸ್ಕಾಂತ ನುಂಗಿಸಿಯೋ ಶಸ್ತ್ರಚಿಕಿತ್ಸೆ ಮಾಡಿಯೋ ಉಳಿಸುವ ಅವಕಾಶವಿದೆ. ತಂತಿ ಹೃದಯದ ಚೀಲಕ್ಕೆ ಹೊಕ್ಕ ಮೇಲೆ ಉಳಿಯುವುದು ಕಷ್ಟ.

ಕರು ಹಾಕಿದ ಮೇಲೆ ಮೈಗೆ ಶಕ್ತಿ ಸಾಲದೆ ಬರುವ ಕೀಟೋಸಿಸ್‌ಗೆ ಒಂದು ವಿಚಿತ್ರ ಗುರುತಿದೆ. ಹಿಂಡಿ-ಬೂಸಾ ಮುಟ್ಟುವುದಿಲ್ಲ, ಒಣ ರಾಗಿ ಹುಲ್ಲು ತಿನ್ನುತ್ತದೆ. ಕರು ಹಾಕಿ ಎರಡರಿಂದ ಆರು ವಾರದೊಳಗೆ ಹೀಗಾಗಿ, ಉಸಿರಲ್ಲಿ ಹಣ್ಣು ಕೊಳೆತಂಥ ವಾಸನೆ ಬಂದರೆ ಶಂಕೆ ಬಲವಾಗುತ್ತದೆ. ಕೆಲವು ಹಸುಗಳು ಗೋಡೆ, ಸರಪಳಿ, ತಮ್ಮದೇ ಮೈಯನ್ನು ಬಿಡದೆ ನೆಕ್ಕುತ್ತವೆ. ಬಟ್ಟೆ, ಮೂಳೆ, ಮಣ್ಣು ತಿನ್ನುವುದು ಬೇರೆ ವಿಷಯ. ಅದು ಹೆಚ್ಚಾಗಿ ರಂಜಕದ ಕೊರತೆ, ಖನಿಜ ಮಿಶ್ರಣದ ಬಗ್ಗೆ ಕೇಳಿ.

ಎಡ ಪಕ್ಕೆ ಉಬ್ಬಿ, ಹಸು ಹೊಟ್ಟೆಗೆ ಒದ್ದುಕೊಳ್ಳುತ್ತಾ ಎದ್ದು-ಕೂತು ಮಾಡುತ್ತಿದ್ದರೆ ಅದು ಹೊಟ್ಟೆಯುಬ್ಬರ, ಕಾಯುವ ಕಾಯಿಲೆಯಲ್ಲ. ಹಿಂಗಾಲು ಅಗಲಿಸಿ ನಡೆಯುವುದು, ಕರೆಯುವಾಗ ಒಂದೇ ಮೊಲೆಗೆ ಕೈ ಹೋದಾಗ ಒದೆಯುವುದು ಕೆಚ್ಚಲು ಬಾವಿನ ಗುರುತು. ಜೊಲ್ಲು ಸುರಿಸುತ್ತಾ ತುಟಿ ಚಪ್ಪರಿಸಿ, ಜೊತೆಗೆ ಕುಂಟಿದರೆ ಕಾಲುಬಾಯಿ ಜ್ವರ. ಆ ಹಸುವನ್ನು ತಕ್ಷಣ ಬೇರೆ ಕಟ್ಟಿ. ಬೇಸಿಗೆಯ ಮಧ್ಯಾಹ್ನ ಮಿಶ್ರತಳಿಯ ಹಸು ಮಲಗದೆ ನಿಂತೇ ಇದ್ದು, ನಿಮಿಷಕ್ಕೆ 60ಕ್ಕಿಂತ ಹೆಚ್ಚು ಉಸಿರೆಳೆಯುತ್ತಿದ್ದರೆ ಅದಕ್ಕೆ ಔಷಧಿಗಿಂತ ಮೊದಲು ನೆರಳು, ನೀರು, ಗಾಳಿ ಬೇಕು.

ಇನ್ನೊಂದನ್ನು ದಯವಿಟ್ಟು ಮರೆಯಬೇಡಿ: ಹುಚ್ಚುನಾಯಿ ರೋಗ. ರೇಬಿಸ್ ತಗುಲಿದ ಹಸು ಗೊಗ್ಗರು ದನಿಯಲ್ಲಿ ಮತ್ತೆ ಮತ್ತೆ ಕೂಗುತ್ತದೆ, ಬೇರೆ ದನಗಳ ಮೇಲೆ ಹಾರುತ್ತದೆ. ಮನೆಯವರು ‘ಬೆದೆ’ ಎಂದುಕೊಳ್ಳುತ್ತಾರೆ. ಜೊಲ್ಲು ಸುರಿಯುತ್ತದೆ, ನೀರು ನುಂಗಲಾಗುವುದಿಲ್ಲ. ‘ಗಂಟಲಲ್ಲಿ ಏನೋ ಸಿಕ್ಕಿದೆ’ ಎಂದು ಬಾಯೊಳಗೆ ಕೈ ಹಾಕುತ್ತಾರೆ. ಅಪಾಯ ಇರುವುದು ಅಲ್ಲೇ. ಜೊಲ್ಲು ಸುರಿಸುತ್ತಾ ವಿಚಿತ್ರವಾಗಿ ಆಡುವ, ಕಾರಣವಿಲ್ಲದೆ ಹಾಯಲು ಬರುವ ದನದ ಬಾಯಿಗೆ ಬರಿಗೈ ಹಾಕಬೇಡಿ, ಮಕ್ಕಳನ್ನು ದೂರವಿಡಿ, ಹಾಲು ಕರೆಯಬೇಡಿ. ಜೊಲ್ಲು ಗಾಯಕ್ಕೆ ತಾಕಿದ್ದರೆ ಸೋಪು ಹಚ್ಚಿ ಹರಿಯುವ ನೀರಿನಲ್ಲಿ 15 ನಿಮಿಷ ತೊಳೆದು, ಅದೇ ದಿನ ಆಸ್ಪತ್ರೆಗೆ ಹೋಗಿ ಲಸಿಕೆ ಹಾಕಿಸಿಕೊಳ್ಳಿ. ನಾಯಿ ಕಚ್ಚಿದ್ದು ನೆನಪಿಲ್ಲ ಎಂಬುದು ಸಮಾಧಾನವಲ್ಲ. ಮೇಯಲು ಹೋದ ದನಕ್ಕೆ ಎಲ್ಲಿ ಕಚ್ಚಿದೆಯೋ ಯಾರು ಕಂಡಿದ್ದಾರೆ?

ಹಂತ 4: ಬೆದೆಯನ್ನು ತಪ್ಪಿಸಬೇಡಿ

ಹಸು ಸರಾಸರಿ 21 ದಿನಕ್ಕೊಮ್ಮೆ (18ರಿಂದ 24ರ ನಡುವೆ) ಬೆದೆಗೆ ಬರುತ್ತದೆ. ಒಂದು ಬೆದೆ ತಪ್ಪಿದರೆ ಮೂರು ವಾರದ ಮೇವು ದಂಡ. ಕೂಗುವುದು, ಪದೇ ಪದೇ ಗಂಜಲ ಹಾಕುವುದು, ಮೊಟ್ಟೆಯ ಬಿಳಿಯಂಥ ಲೋಳೆ ಜೋತಾಡುವುದು, ಹಾಲು ಸ್ವಲ್ಪ ಇಳಿಯುವುದು ಎಲ್ಲರಿಗೂ ಗೊತ್ತಿರುವ ಗುರುತುಗಳು. ಖಚಿತವಾದ ಗುರುತು ಒಂದೇ: ಇನ್ನೊಂದು ಹಸು ಮೇಲೇರಿದಾಗ ಅಲುಗದೆ ನಿಲ್ಲುವುದು. ಆದರೆ ದಿನವಿಡೀ ಗೂಟಕ್ಕೆ ಕಟ್ಟಿದ ಹಸು ಅದನ್ನು ತೋರಿಸುವುದಾದರೂ ಹೇಗೆ? ಬೆಳಿಗ್ಗೆ-ಸಂಜೆ ತಂಪು ಹೊತ್ತಲ್ಲಿ ಅರ್ಧ ಗಂಟೆ ಬಿಚ್ಚಿ ಬಿಡಿ.

ಬೆಳಿಗ್ಗೆ ಬೆದೆ ಕಂಡರೆ ಸಂಜೆ, ಸಂಜೆ ಕಂಡರೆ ಮರುದಿನ ಬೆಳಿಗ್ಗೆ ಗರ್ಭಧಾರಣೆ ಮಾಡಿಸಿ. ಲೋಳೆಯಲ್ಲಿ ರಕ್ತ ಕಂಡರೆ ಬೆದೆ ಆಗಲೇ ಮುಗಿದಿದೆ, ಆ ತಾರೀಖು ಬರೆದುಕೊಂಡು ಮುಂದಿನ 18ನೇ ದಿನದಿಂದ ಕಣ್ಣಿಡಿ. ಎಮ್ಮೆಗಳದ್ದು ಮೂಕ ಬೆದೆ, ಹೆಚ್ಚಾಗಿ ರಾತ್ರಿ. ಮಲಗುವ ಮುನ್ನ ಒಮ್ಮೆ ಕೊಟ್ಟಿಗೆಗೆ ಹೋಗಿ ಬರುವ ಅಭ್ಯಾಸ ಎಮ್ಮೆ ಸಾಕುವವರಿಗೆ ಬೇಕೇ ಬೇಕು.

ಹಂತ 5: ಡಾಕ್ಟರಿಗೆ ಏನು ಹೇಳಬೇಕು

‘ಹಸು ಮೇವು ಬಿಟ್ಟಿದೆ, ಬನ್ನಿ’ ಎಂದರೆ ಡಾಕ್ಟರಿಗೆ ಏನೂ ತಿಳಿಯುವುದಿಲ್ಲ. ಯಾವ ಔಷಧಿ ಎತ್ತಿಕೊಂಡು ಬರಬೇಕು ಎಂಬುದೂ ನಿಮ್ಮ ಮಾತಿನ ಮೇಲೆ ನಿಂತಿದೆ. ಹೀಗೆ ಹೇಳಿ: ‘ನಾಲ್ಕನೇ ಸೂಲು, ಕರು ಹಾಕಿ ಇಪ್ಪತ್ತು ದಿನ. ನಿನ್ನೆ ಸಂಜೆಯಿಂದ ಹಿಂಡಿ ಬಿಟ್ಟಿದೆ, ಹುಲ್ಲು ತಿನ್ನುತ್ತಿದೆ. ಹಾಲು ಹನ್ನೆರಡು ಲೀಟರಿನಿಂದ ಏಳಕ್ಕೆ ಇಳಿದಿದೆ. ಜ್ವರ 101.4. ಮೆಲುಕು ಕಡಿಮೆ. ಸಗಣಿ ಗಟ್ಟಿ. ಇನ್ನೂ ಏನೂ ಔಷಧಿ ಕೊಟ್ಟಿಲ್ಲ.’ ಏನಾದರೂ ಕೊಟ್ಟಿದ್ದರೆ ಮುಚ್ಚಿಡಬೇಡಿ, ನಾಟಿ ಔಷಧಿಯಾದರೂ ಸರಿ, ಮೆಡಿಕಲ್ ಸ್ಟೋರಿನ ಇಂಜೆಕ್ಷನ್ ಆದರೂ ಸರಿ.

ಮೊಬೈಲಿನಲ್ಲಿ ವಿಡಿಯೊ ಮಾಡಿಡಿ. ಅರ್ಧ ನಿಮಿಷ ಪಕ್ಕದಿಂದ ನಡೆಯುವುದು, ಅರ್ಧ ನಿಮಿಷ ಪಕ್ಕೆಯ ಉಸಿರಾಟ, ಮುಖ. ಹೊಸಬರೆದುರು ಹಸು ಮುಚ್ಚಿಡುವುದನ್ನು ಈ ವಿಡಿಯೊ ತೋರಿಸುತ್ತದೆ. ಸೆಳೆತದಂತೆ ಬಂದು ಹೋಗುವ ಲಕ್ಷಣಗಳಿಗೆ ಇದಕ್ಕಿಂತ ಒಳ್ಳೆಯ ಸಾಕ್ಷಿ ಇಲ್ಲ. ಸಂಚಾರಿ ಪಶು ಚಿಕಿತ್ಸಾ ವಾಹನಕ್ಕೆ 1962ಕ್ಕೆ ಕರೆ ಮಾಡಿದಾಗಲೂ ಇದೇ ವಿವರಗಳನ್ನು ತಯಾರಾಗಿ ಇಟ್ಟುಕೊಳ್ಳಿ.

ಹಂತ 6: ಪರೀಕ್ಷೆಗೆ ಹಸುವನ್ನು ಹೆದರಿಸದೆ ನಿಲ್ಲಿಸಿ

ಹೆದರಿದ ಹಸುವಿನ ಎದೆಬಡಿತ, ಉಸಿರು, ಮೈಬಿಸಿ ಎಲ್ಲ ಏರುತ್ತವೆ. ಡಾಕ್ಟರು ಅಳೆಯುವುದು ಆಗ ಕಾಯಿಲೆಯನ್ನೋ ಭಯವನ್ನೋ ಎಂದು ಬೇರ್ಪಡಿಸುವುದು ಕಷ್ಟ. ಓಡಾಡಿಸಿ, ನಾಲ್ಕು ಜನ ಕೂಗಾಡಿ ಹಿಡಿದು ಕಟ್ಟಿದ್ದರೆ ಸ್ವಲ್ಪ ಹೊತ್ತು ಸುಮ್ಮನೆ ಬಿಟ್ಟು ಆಮೇಲೆ ಪರೀಕ್ಷಿಸಲಿ.

ಹಸುವಿನ ಕಣ್ಣು ತಲೆಯ ಎರಡು ಪಕ್ಕದಲ್ಲಿರುವುದರಿಂದ ಅದು ಹೆಚ್ಚುಕಡಿಮೆ ಸುತ್ತಲೂ ನೋಡಬಲ್ಲದು. ಕಾಣದಿರುವುದು ನೇರ ಹಿಂದೆ. ಅಲ್ಲಿಂದ ಸದ್ದಿಲ್ಲದೆ ಬಂದು ಮುಟ್ಟಿದರೆ ಒದೆ ಬೀಳುತ್ತದೆ, ಅದು ಹಸುವಿನ ತಪ್ಪಲ್ಲ. ಹೆಗಲಿನ ಕಡೆಯಿಂದ, ಮಾತಾಡಿಸುತ್ತಾ ಹೋಗಿ. ಮುಂದೆ ನಡೆಸಬೇಕಾದರೆ ಹೆಗಲಿಗಿಂತ ಹಿಂದೆ ನಿಲ್ಲಿ. ಹೆಗಲಿಗಿಂತ ಮುಂದೆ ನಿಂತು ‘ಹೋಗು’ ಎಂದರೆ ಅದು ಹಿಂದೆ ಸರಿಯುತ್ತದೆ. ಅಮೆರಿಕದ ಪ್ರಾಣಿವಿಜ್ಞಾನಿ ಟೆಂಪಲ್ ಗ್ರಾಂಡಿನ್ ದನಗಳ ಈ ಸ್ವಭಾವವನ್ನು ಆಧರಿಸಿಯೇ ದನ ನಡೆಸುವ ಓಣಿಗಳ ವಿನ್ಯಾಸವನ್ನು ಬದಲಿಸಿದರು. ಕತ್ತಲಿನ ಜಾಗ, ನೆಲದ ಮೇಲಿನ ಗಾಢ ನೆರಳು, ಚರಂಡಿಯ ಜಾಲರಿ, ಹಾರಾಡುವ ಪ್ಲಾಸ್ಟಿಕ್ ಕಂಡರೆ ಹಸು ನಿಲ್ಲುತ್ತದೆ. ಬಾಲ ತಿರುಚುವ ಮೊದಲು ಅದರ ಕಣ್ಣಿಗೆ ಏನು ಬಿದ್ದಿದೆ ಎಂದು ನೋಡಿ.

ಮನೆಯವರಲ್ಲಿ ಹಸುವಿಗೆ ಹೆಚ್ಚು ಹೊಂದಿಕೊಂಡವರು ಯಾರೋ ಅವರೇ ತಲೆಯ ಬಳಿ ನಿಲ್ಲಲಿ, ಬಹುತೇಕ ಮನೆಗಳಲ್ಲಿ ಅದು ಹಾಲು ಕರೆಯುವ ಹೆಂಗಸು. ಸೂಜಿ ಚುಚ್ಚುವ ಜಾಗವನ್ನು ದಿನವೂ ಉಜ್ಜಿ ಅಭ್ಯಾಸ ಮಾಡಿಸಿದ್ದರೆ ಚುಚ್ಚಿದ ದಿನ ಗಲಾಟೆ ಕಡಿಮೆ. ಕಡಸುಗಳನ್ನು ಚಿಕ್ಕಂದಿನಿಂದ ಟ್ರೆವಿಸ್‌ನೊಳಗೆ (ಪರೀಕ್ಷೆಗೆ ದನ ನಿಲ್ಲಿಸುವ ಚೌಕಟ್ಟು) ಹೊಗಿಸಿ, ಹಿಡಿ ಹಿಂಡಿ ತಿನ್ನಿಸಿ ಹೊರಗೆ ಬಿಡಿ.

ಇದಕ್ಕೂ ಹಾಲಿಗೂ ನೇರ ಸಂಬಂಧವಿದೆ. ಕೆಚ್ಚಲು ತೊಳೆದಾಗ ಆಕ್ಸಿಟೋಸಿನ್ ಎಂಬ ಹಾರ್ಮೋನು ಹರಿದು ಹಸು ಸೊರೆ ಬಿಡುತ್ತದೆ. ಹೆದರಿದಾಗ ಹರಿಯುವ ಅಡ್ರಿನಲಿನ್ ಅದನ್ನು ತಡೆಯುತ್ತದೆ. ಮನುಷ್ಯರಿಗೆ ಹೆದರುವ ಹಸುಗಳಿರುವ ಫಾರಂಗಳಲ್ಲಿ ಹಾಲಿನ ಇಳುವರಿ ಕಡಿಮೆ ಎಂದು ಆಸ್ಟ್ರೇಲಿಯಾದ ಪಾಲ್ ಹೆಮ್ಸ್‌ವರ್ತ್ ಮತ್ತು ಸಂಗಡಿಗರು ತೋರಿಸಿದ್ದಾರೆ. ಸೊರೆ ಬಿಡದ ಹಸುವಿಗೆ ಆಕ್ಸಿಟೋಸಿನ್ ಇಂಜೆಕ್ಷನ್ ಚುಚ್ಚುವ ಚಾಳಿ ಕೆಟ್ಟದ್ದು. ಕೆಚ್ಚಲು ಬಾವೋ, ಕರೆಯುವವರು ಬದಲಾದರೋ, ಮೂಗುದಾರದ ಗಾಯವೋ, ಮೊದಲು ಕಾರಣ ಹುಡುಕಿ.

ಹಂತ 7: ಚಿಕಿತ್ಸೆಯ ನಂತರವೂ ನೋಡುತ್ತಿರಿ

ಜ್ವರ ಇಳಿಯಿತು ಎಂಬುದು ಗುಣವಾಯಿತು ಎಂಬುದಕ್ಕೆ ಸಾಲದು. ಮೆಲುಕು ಮರಳಿತೇ, ಗೋದಲಿಗೆ ಮೊದಲಿನಂತೆ ಬರುತ್ತದೆಯೇ, ಕಿವಿ ಆಡಿಸುತ್ತದೆಯೇ, ಮಲಗಿ ಏಳುವುದು ಸಲೀಸಾಗಿದೆಯೇ ನೋಡಿ. ಕೊಂಬು ತೆಗೆಸಿದ ಕರು, ಶಸ್ತ್ರಚಿಕಿತ್ಸೆಯಾದ ಹಸು, ಗೊರಸು ಕೊಳೆತ ಎತ್ತು, ಇವುಗಳಿಗೆ ನೋವು ನಿವಾರಕ ಬೇಕೇ ಎಂದು ನೀವೇ ಕೇಳಿ. ನೋವು ಕಡಿಮೆಯಾದರೆ ಮೇವು ತಿನ್ನುತ್ತದೆ, ಮೇವು ತಿಂದರೆ ಬೇಗ ಚೇತರಿಸಿಕೊಳ್ಳುತ್ತದೆ.

ಯಾವ ನೋವು ನಿವಾರಕ ಎಂಬುದೂ ಮುಖ್ಯ. ಡೈಕ್ಲೋಫಿನಾಕ್ ಕೊಟ್ಟ ದನ ಸತ್ತರೆ ಅದನ್ನು ತಿಂದ ರಣಹದ್ದುಗಳು ಮೂತ್ರಪಿಂಡ ಕೆಟ್ಟು ಸಾಯುತ್ತವೆ. ದೇಶದಲ್ಲಿ ರಣಹದ್ದುಗಳು ಅಳಿವಿನಂಚಿಗೆ ಬಂದದ್ದು ಹೀಗೆ. ಜಾನುವಾರುಗಳಿಗೆ ಅದರ ಬಳಕೆಯನ್ನು ಭಾರತ 2006ರಲ್ಲಿ ನಿಷೇಧಿಸಿತು, 2023ರಲ್ಲಿ ಕೀಟೊಪ್ರೊಫೆನ್ ಮತ್ತು ಅಸಿಕ್ಲೋಫಿನಾಕ್ ಕೂಡ ನಿಷೇಧಕ್ಕೆ ಸೇರಿದವು. ರಾಮನಗರದ ರಾಮದೇವರ ಬೆಟ್ಟದಲ್ಲಿ ರಣಹದ್ದುಗಳಿಗೆಂದೇ ಧಾಮವಿರುವ ರಾಜ್ಯ ನಮ್ಮದು. ಹದ್ದುಗಳಿಗೆ ತೊಂದರೆ ಮಾಡದ ಮೆಲಾಕ್ಸಿಕಾಂ ಬರೆಯಲು ಡಾಕ್ಟರನ್ನು ಕೇಳಿ. ಮನುಷ್ಯರ ಡೈಕ್ಲೋಫಿನಾಕ್ ಇಂಜೆಕ್ಷನ್ ತಂದು ಹಸುವಿಗೆ ಚುಚ್ಚಿಸಬೇಡಿ.

ಎರಡು ದಿನದೊಳಗೆ ಮೆಲುಕು ಮೊದಲಿನಂತಾಗದಿದ್ದರೆ, ಇಲ್ಲವೇ ಒಮ್ಮೆ ಚೇತರಿಸಿಕೊಂಡ ಹಸು ಮತ್ತೆ ಮಂಕಾದರೆ, ಅದೇ ಔಷಧಿಯನ್ನು ಮುಂದುವರಿಸದೆ ಡಾಕ್ಟರಿಗೆ ಫೋನ್ ಮಾಡಿ. ಔಷಧಿ ಬರೆಸಿಕೊಳ್ಳುವಾಗಲೇ ಎಷ್ಟು ದಿನದ ಹಾಲು ಬಳಸಬಾರದು ಎಂದು ಕೇಳಿ ನೋಟ್‌ಬುಕ್ಕಿನಲ್ಲಿ ಆ ಹಸುವಿನ ಪುಟದಲ್ಲಿ ಬರೆದಿಡಿ. ಅಷ್ಟು ದಿನ ಆ ಹಾಲನ್ನು ಡೇರಿಗೂ ಹಾಕಬೇಡಿ, ಮನೆಯಲ್ಲೂ ಬಳಸಬೇಡಿ, ಕರುವಿಗೂ ಕುಡಿಸಬೇಡಿ.